ಚೆಂಡು ತಾಗಿತ್ತು

ನಮ್ಮ ಕಡೆಯ ವಾಲಿಬಾಲ್ ಪಂದ್ಯಗಳನ್ನು ನೋಡಿದವರಿಗೆಲ್ಲ ಗೊತ್ತಿರುವ ಒಂದು ಗಳಿಗೆ ಉಂಟು. ಎದುರಿನವನು ಸ್ಮ್ಯಾಶ್ ಹೊಡೆಯುತ್ತಾನೆ, ಈಚೆಯಿಂದ ಇಬ್ಬರು ಬ್ಲಾಕಿಗೆ ಹಾರುತ್ತಾರೆ, ಚೆಂಡು ಗೆರೆಯಾಚೆ ಹೋಗಿ ಬೀಳುತ್ತದೆ. ಈಚೆಯವರು ‘ಔಟ್’ ಎನ್ನುತ್ತಾರೆ, ಆಚೆಯವರು ‘ಟಚ್’ ಎನ್ನುತ್ತಾರೆ. ಬೆರಳಿಗೆ ತಾಗಿದ್ದು ಹೌದೋ ಅಲ್ಲವೋ ಎಂಬುದು ಖಂಡಿತವಾಗಿ ಗೊತ್ತಿರುವುದು ಒಬ್ಬನಿಗೆ ಮಾತ್ರ, ಆ ಬೆರಳಿನವನಿಗೆ. ಅವನು ಸಾಮಾನ್ಯವಾಗಿ ಆಕಾಶ ನೋಡುತ್ತಾನೆ. ರೆಫರಿ ಸೀಟಿ ಊದುವವರೆಗೆ ಅವನಿಗೆ ಏನೂ ಗೊತ್ತಿಲ್ಲ!

ಇದೇ ಗಳಿಗೆಯಲ್ಲಿ ಆಕಾಶ ನೋಡದ ಒಬ್ಬ ಆಟಗಾರನ ಕುರಿತು ನಾಲ್ಕು ಮಾತು ಬರೆಯಬೇಕೆಂದು ಬಹಳ ದಿನದಿಂದ ಇತ್ತು. ಅವನು ನಮ್ಮವನಲ್ಲ, ಅವನ ಆಟವೂ ನಮ್ಮದಲ್ಲ. ಗಾಟ್‌ಫ್ರೀಡ್ ಫಾನ್ ಕ್ರಾಮ್ ಎಂದು ಹೆಸರು, ಜರ್ಮನಿಯವನು, ಆಟ ಟೆನಿಸ್. ಜರ್ಮನಿ ಎಂದರೆ ಕರಾವಳಿಯ ನಮಗೆ ನೆನಪಾಗುವುದು ಕಿಟ್ಟೆಲ್ ಪಂಡಿತರ ನಿಘಂಟು. ಆ ಕಿಟ್ಟೆಲ್ 1832ರಲ್ಲಿ ಹುಟ್ಟಿದ್ದು ಅಂದಿನ ಹ್ಯಾನೋವರ್ ರಾಜ್ಯದಲ್ಲಿ. ಕ್ರಾಮ್ 1909ರಲ್ಲಿ ಹುಟ್ಟಿದ ನೆಟ್‌ಲಿಂಗನ್ ಎಂಬ ಊರು ಕೂಡ ಆ ಹ್ಯಾನೋವರ್ ಸೀಮೆಯದ್ದೇ. ನಂಟು ಇಷ್ಟೇ, ಇದಕ್ಕಿಂತ ಹೆಚ್ಚು ಎಳೆಯುವುದು ಬೇಡ.

1935ರ ಬೇಸಿಗೆ, ಲಂಡನ್ನಿನ ವಿಂಬಲ್ಡನ್ ಮೈದಾನ. ಡೇವಿಸ್ ಕಪ್ ಎಂಬ ದೇಶ ದೇಶಗಳ ನಡುವಿನ ಪಂದ್ಯಾವಳಿ. ಜರ್ಮನಿಗೂ ಅಮೆರಿಕಕ್ಕೂ ಡಬಲ್ಸ್ ಆಟ. ಜರ್ಮನಿಯ ಕಡೆ ಕ್ರಾಮ್ ಮತ್ತು ಕೈ ಲುಂಡ್, ಅಮೆರಿಕದ ಕಡೆ ಆಲಿಸನ್ ಮತ್ತು ವ್ಯಾನ್ ರಿನ್. ಐದನೆಯ ಸೆಟ್. ಇನ್ನೊಂದು ಪಾಯಿಂಟ್ ಬಂದರೆ ಜರ್ಮನಿಗೆ ಗೆಲುವು. ಚೆಂಡು ಬಂತು, ಲುಂಡ್ ಹೊಡೆದ, ಎದುರಿನವರಿಗೆ ಸಿಗಲಿಲ್ಲ. ಪಂದ್ಯ ಮುಗಿಯಿತು ಎಂದು ಎಲ್ಲರೂ ಎಣಿಸಿದರು. ಆಗ ಕ್ರಾಮ್ ಅಂಪೈರನಿಗೆ ಹೇಳಿದ: ಲುಂಡ್ ಹೊಡೆಯುವ ಮೊದಲು ಚೆಂಡು ನನ್ನ ರ‍್ಯಾಕೆಟ್ಟಿಗೆ ತಾಗಿತ್ತು. ಅಂಪೈರ್ ಕಂಡಿರಲಿಲ್ಲ, ಎದುರಿನವರು ಕಂಡಿರಲಿಲ್ಲ. ಕಂಡದ್ದು, ಅಲ್ಲ, ತಿಳಿದದ್ದು ಅವನ ಕೈಗೆ ಮಾತ್ರ. ಪಾಯಿಂಟ್ ಅಮೆರಿಕಕ್ಕೆ ಹೋಯಿತು, ಕೊನೆಗೆ ಆ ಪಂದ್ಯವೂ ಹೋಯಿತು, ಆ ವರ್ಷದ ಕಪ್ಪಿನ ಆಸೆಯೂ ಹೋಯಿತು.

ಈ ಕಥೆ ಚಂದದ್ದು. ಮಕ್ಕಳಿಗೆ ಅಸೆಂಬ್ಲಿಯಲ್ಲಿ ಹೇಳಲಿಕ್ಕೆ ಹೇಳಿ ಮಾಡಿಸಿದ ಹಾಗೆ ಉಂಟು. ಆದರೆ ಕ್ರಾಮ್ ಕುರಿತು ಹೇಳುವವರೆಲ್ಲ ಇಲ್ಲಿಗೇ ನಿಲ್ಲಿಸಿ, ‘ಎಂಥ ಸಂಭಾವಿತ ಮನುಷ್ಯ’ ಎಂದು ಹಾರ ಹಾಕಿ ಕಳಿಸಿಬಿಡುತ್ತಾರೆ. ನನ್ನ ತಕರಾರು ಇರುವುದು ಈ ಹಾರದ ಮೇಲೆ. ‘ಸಂಭಾವಿತ’ ಎಂಬ ಮಾತು ಅವನಿಗೆ ಸಾಲುವುದಿಲ್ಲ. ಅಷ್ಟೇ ಅಲ್ಲ, ಆ ಮಾತಿನ ಹಿಂದೆ ಬಹಳ ಸಂಗತಿಗಳು ಅಡಗಿ ಕೂತಿವೆ.

ಮೊದಲು ಅವನ ಆಟವನ್ನೇ ನೋಡುವ. ಗೆದ್ದದ್ದೆಷ್ಟು, ಸೋತದ್ದೆಷ್ಟು ಎಂದು ಲೆಕ್ಕ ಹಾಕದೆ ಆಟಗಾರನ ಗುಣ ಹಾಡುವುದು ನ್ಯಾಯವಲ್ಲ. ಪ್ಯಾರಿಸ್ಸಿನ ಫ್ರೆಂಚ್ ಚಾಂಪಿಯನ್‌ಶಿಪ್ಪನ್ನು ಅವನು ಎರಡು ಸಲ ಗೆದ್ದ. 1934ರಲ್ಲಿ ಆಸ್ಟ್ರೇಲಿಯದ ಜಾಕ್ ಕ್ರಾಫರ್ಡ್ ಎದುರು, ಸೋಲಿಗೆ ಒಂದೇ ಪಾಯಿಂಟ್ ಇದ್ದಲ್ಲಿಂದ ಎದ್ದು ಬಂದು ಐದು ಸೆಟ್ಟಿನಲ್ಲಿ ಗೆದ್ದ. 1936ರಲ್ಲಿ ಇಂಗ್ಲೆಂಡಿನ ಫ್ರೆಡ್ ಪೆರ್ರಿಯನ್ನು ಮತ್ತೆ ಐದು ಸೆಟ್ಟಿನಲ್ಲಿ ಸೋಲಿಸಿದ. ಕೊನೆಯ ಸೆಟ್ 6–0. ಡೇವಿಸ್ ಕಪ್ಪಿನಲ್ಲಿ ಸಿಂಗಲ್ಸ್, ಡಬಲ್ಸ್ ಸೇರಿ 101 ಪಂದ್ಯ ಆಡಿ 82 ಗೆದ್ದ. ಇವು ಸಣ್ಣ ಲೆಕ್ಕಗಳಲ್ಲ.

ಆದರೆ ವಿಂಬಲ್ಡನ್? 1935, 1936, 1937, ಮೂರು ವರ್ಷ ಸಾಲಾಗಿ ಫೈನಲ್ಲಿಗೆ ಬಂದ, ಮೂರೂ ಸಲ ಸೋತ. ಮೊದಲೆರಡು ಸಲ ಪೆರ್ರಿಗೆ, ಮೂರನೆಯ ಸಲ ಅಮೆರಿಕದ ಡಾನ್ ಬಡ್ಜ್‌ಗೆ. ಮೂರು ಫೈನಲ್ಲುಗಳಲ್ಲಿ ಒಂಬತ್ತು ಸೆಟ್ ಆಡಿ ಒಂದನ್ನೂ ಗೆಲ್ಲಲಿಲ್ಲ! 1936ರಲ್ಲಿ ಸೋತದ್ದು 6–1, 6–1, 6–0 ಅಂತರದಲ್ಲಿ. ಆಟದ ಆರಂಭದಲ್ಲೇ ತೊಡೆಯ ಸ್ನಾಯು ಸೆಳೆದಿತ್ತು. ಆದರೂ ಅವನು ಆಟ ನಿಲ್ಲಿಸಲಿಲ್ಲ. ಪ್ರೇಕ್ಷಕರಿಗೆ ವಿಷಯ ತಿಳಿದದ್ದು ಪಂದ್ಯ ಮುಗಿದ ಮೇಲೆ. ಹಾಗಿದ್ದರೂ ಮೂರು ವರ್ಷದ ಲೆಕ್ಕವನ್ನು ಒಂದು ತೊಡೆನೋವಿನ ಮೇಲೆ ಹಾಕಲಿಕ್ಕೆ ಆಗುವುದಿಲ್ಲ. ಪ್ಯಾರಿಸ್ಸಿನದ್ದು ಕೆಂಪು ಮಣ್ಣಿನ ಅಂಕಣ. ಅಲ್ಲಿ ಚೆಂಡು ಪುಟಿದು ನಿಧಾನವಾಗಿ ಮೇಲೇಳುತ್ತದೆ. ಕ್ರಾಮನ ಉದ್ದುದ್ದ ಹೊಡೆತಗಳಿಗೆ, ಎಷ್ಟು ಹೊತ್ತಾದರೂ ಆಡುವ ಅವನ ತಾಳ್ಮೆಗೆ ಅದು ಒಪ್ಪುವ ನೆಲ. ವಿಂಬಲ್ಡನ್ನಿನದ್ದು ಹುಲ್ಲು. ಚೆಂಡು ಕೆಳಗಿನಿಂದಲೇ ಜಾರಿ ಬರುತ್ತದೆ. ಕೈ ಬೀಸಲು ಹೊತ್ತೇ ಇಲ್ಲ. ಪೆರ್ರಿ, ಬಡ್ಜ್‌ರಂಥವರ ವೇಗಕ್ಕೆ ಅಲ್ಲಿ ಅವನ ಹತ್ತಿರ ಉತ್ತರ ಇರಲಿಲ್ಲ ಎಂದೇ ಹೇಳಬೇಕು. ಇಷ್ಟು ಹೇಳಿದರೆ ಅವನಿಗೆ ಅವಮಾನವೇನಿಲ್ಲ.

ಇನ್ನು ‘ಸಂಭಾವಿತ’ ಎಂಬ ಮಾತಿಗೆ ಬರುವ. ಆ ಕಾಲದ ದೊಡ್ಡ ಟೆನಿಸ್ ಪಂದ್ಯಾವಳಿಗಳು ಅಮೆಚೂರ್ ಆಟಗಾರರಿಗೆ ಮಾತ್ರ. ಅಂದರೆ ಆಟಕ್ಕೆ ಹಣ ತೆಗೆದುಕೊಳ್ಳದವರಿಗೆ. ವಿಂಬಲ್ಡನ್ ಗೆದ್ದರೆ ಕಪ್ಪು ಸಿಗುತ್ತಿತ್ತು, ಕಾಸು ಸಿಗುತ್ತಿರಲಿಲ್ಲ. 1968ರವರೆಗೂ ಹೀಗೇ ನಡೆಯಿತು. ಕೇಳಲಿಕ್ಕೆ ಒಳ್ಳೆಯ ನಿಯಮ: ಆಟವನ್ನು ಆಟಕ್ಕಾಗಿ ಆಡಬೇಕು. ಆದರೆ ಒಂದು ಪ್ರಶ್ನೆ ಕೇಳಿಕೊಳ್ಳಿ. ಸಂಬಳವಿಲ್ಲದೆ ವರ್ಷವಿಡೀ ದೇಶದಿಂದ ದೇಶಕ್ಕೆ ಹೋಗಿ ಆಡಲಿಕ್ಕೆ ಯಾರಿಂದ ಸಾಧ್ಯ? ಮನೆಯಲ್ಲಿ ಇದ್ದವನಿಂದ. ಕ್ರಾಮ್ ಬ್ಯಾರನ್ ಮನೆತನದವನು. ಕೋಟೆಯಂಥ ಮನೆ, ಜಮೀನು, ಕುದುರೆ ಎಲ್ಲ ಇದ್ದ ಕುಟುಂಬ. ಚಿಕ್ಕಂದಿನಲ್ಲಿ ಒಂದು ಕುದುರೆ ಕಚ್ಚಿ ಅವನ ಬಲಗೈ ತೋರುಬೆರಳಿನ ತುದಿಯೇ ಹೋಗಿತ್ತು. ಆ ಕೈಯಲ್ಲೇ ರ‍್ಯಾಕೆಟ್ ಹಿಡಿದು ಅಷ್ಟು ಎತ್ತರಕ್ಕೆ ಹೋದ, ಅದು ಬೇರೆ ಮಾತು.

ಅವನ ಎದುರಾಳಿ ಪೆರ್ರಿ ಯಾರು? ಹತ್ತಿ ಗಿರಣಿಯಲ್ಲಿ ಕೆಲಸ ಮಾಡಿ ಮುಂದೆ ಬಂದು ಪಾರ್ಲಿಮೆಂಟ್ ಸದಸ್ಯನಾದವನ ಮಗ. ವಿಂಬಲ್ಡನ್ನನ್ನು 1934ರಿಂದ ಮೂರು ಸಲ ಸಾಲಾಗಿ ಗೆದ್ದುಕೊಟ್ಟ. ಹಾಗಿದ್ದೂ ಅಲ್ಲಿನ ದೊಡ್ಡವರಿಗೆ ಅವನು ಅಷ್ಟೇನೂ ಹಿಡಿಸಲಿಲ್ಲ. 1936ರ ಕೊನೆಗೆ ಹಣ ಪಡೆದು ಆಡುವವನಾದ ಎಂಬ ಕಾರಣಕ್ಕೆ ಕ್ಲಬ್ಬಿನ ಸದಸ್ಯತನವನ್ನೂ ಕಿತ್ತುಕೊಂಡರು. ದುಡಿದು ತಿನ್ನುವವನ ಮಗ ಕೂಲಿ ಕೇಳಿದ್ದು ತಪ್ಪಾಯಿತು. ಕೂಲಿ ಬೇಕಿಲ್ಲದ ಬ್ಯಾರನ್ ಸಂಭಾವಿತನಾದ. ‘ಸಂಭಾವಿತ’ ಎಂಬ ಹಾರದಲ್ಲಿ ಅರ್ಧ ಹೂವು ಜಮೀನಿನದ್ದು ಮಾರಾಯ್ರೆ!

ಹಾಗಾದರೆ 1935ರ ಆ ಮಾತು, ‘ಚೆಂಡು ತಾಗಿತ್ತು’ ಎಂಬುದು, ಹೊಟ್ಟೆ ತುಂಬಿದವನ ಪ್ರಾಮಾಣಿಕತೆಯೋ? ನಾನೂ ಹಾಗೆ ಯೋಚಿಸಿದ್ದುಂಟು. ಆದರೆ ಆ ಪಂದ್ಯ ಅವನ ಸ್ವಂತದ್ದಲ್ಲ, ದೇಶದ್ದು. ದೇಶದ ಅಧಿಕಾರ ಆಗ ಹಿಟ್ಲರನ ಕೈಯಲ್ಲಿ. ಗೆಲುವನ್ನು ಬಿಟ್ಟುಕೊಟ್ಟವನ ಮೇಲೆ ತಂಡದವರೇ ಸಿಟ್ಟಾದರೆಂದು ಹೇಳುತ್ತಾರೆ. ಜಮೀನು ಇದ್ದವನಿಗೆ ಆಟ ಕಲಿಯುವ ಅವಕಾಶ ಸಿಕ್ಕಿತು, ಸರಿ. ಆದರೆ ಆ ಹೊತ್ತಿಗೆ ಬಾಯಿ ತೆರೆಯುವ ಧೈರ್ಯವನ್ನು ಜಮೀನು ಕೊಡುವುದಿಲ್ಲ. ಹಾಗೆ ಕೊಡುವುದಾದರೆ ಜಮೀನ್ದಾರರೆಲ್ಲ ಸತ್ಯಹರಿಶ್ಚಂದ್ರರಾಗಬೇಕಿತ್ತು.

ಹಿಟ್ಲರನ ಹೆಸರು ಬಂತು. ಕ್ರಾಮನ ಕಥೆಯನ್ನು ಕೆಡಿಸಿದ್ದೂ ಈ ಹೆಸರೇ. 1937ರ ಜುಲೈ 20. ಅದೇ ವಿಂಬಲ್ಡನ್, ಅದೇ ಡೇವಿಸ್ ಕಪ್, ಮತ್ತೆ ಜರ್ಮನಿ ಮತ್ತು ಅಮೆರಿಕ. ಎರಡು ತಂಡಗಳಿಗೂ ಎರಡೆರಡು ಗೆಲುವು. ಕೊನೆಯ ಪಂದ್ಯ ಕ್ರಾಮನಿಗೂ ಬಡ್ಜ್‌ಗೂ. ಕ್ರಾಮ್ ಮೊದಲೆರಡು ಸೆಟ್ ಗೆದ್ದ, 8–6, 7–5. ಬಡ್ಜ್ ಮುಂದಿನೆರಡು ಗೆದ್ದ, 6–4, 6–2. ಐದನೆಯದರಲ್ಲಿ ಕ್ರಾಮ್ 4–1 ಮುಂದೆ ಇದ್ದ. ಅಲ್ಲಿಂದ ಬಡ್ಜ್ ಎದ್ದು ಬಂದು 8–6ರಲ್ಲಿ ಮುಗಿಸಿದ. ಟೆನಿಸ್ಸಿನ ಅತಿ ಶ್ರೇಷ್ಠ ಪಂದ್ಯ ಇದೇ ಎನ್ನುವವರು ಇಂದಿಗೂ ಇದ್ದಾರೆ. ಬಡ್ಜ್‌ನ ಅಮೆರಿಕ ಆ ವರ್ಷ ಕಪ್ಪನ್ನೂ ಗೆದ್ದಿತು.

ಪಂದ್ಯಕ್ಕೆ ಹೊರಡುವ ಹೊತ್ತಿಗೆ ಹಿಟ್ಲರನೇ ಕ್ರಾಮನಿಗೆ ಫೋನು ಮಾಡಿದ ಎಂದು ಬಡ್ಜ್ ಮುಂದೆ ಹೇಳುತ್ತಿದ್ದ. ಅದನ್ನು ಬೇರೆಯವರು ಒಪ್ಪುವುದಿಲ್ಲ. ಅಷ್ಟಾದರೂ ಈ ಫೋನು ಪ್ರತಿಯೊಂದು ಬರಹದಲ್ಲೂ ಬಂದೇ ಬರುತ್ತದೆ. ಅದರ ಬಾಲ ಹಿಡಿದು ಇನ್ನೊಂದು ಮಾತು ಬರುತ್ತದೆ: ಆ ಪಂದ್ಯ ಸೋತದ್ದರಿಂದಲೇ ಅವನನ್ನು ಜೈಲಿಗೆ ಹಾಕಿದರು, ಗೆದ್ದಿದ್ದರೆ ಉಳಿಯುತ್ತಿದ್ದ. ಯಕ್ಷಗಾನದಲ್ಲಿ ರಕ್ಕಸ ವೇಷ ಬಂದ ಹಾಗೆ ಹಿಟ್ಲರನನ್ನು ರಂಗಕ್ಕೆ ತಂದರೆ ಕಥೆಗೆ ರಂಗು ಏರುತ್ತದೆ, ನಿಜ. ಆದರೆ ಇದರಿಂದ ಒಂದು ಅನ್ಯಾಯ ಆಗುತ್ತದೆ. ಒಬ್ಬ ಮನುಷ್ಯನನ್ನು ಜೈಲಿಗೆ ಹಾಕಿದ್ದು ಸ್ಕೋರ್‌ಬೋರ್ಡಿನ ಫಲ ಎಂಬಂತೆ ಆಗುತ್ತದೆ. ಎರಡು ಗೇಮ್ ಹೆಚ್ಚು ಗೆದ್ದಿದ್ದರೆ ಆ ಸರಕಾರ ನ್ಯಾಯವಂತ ಸರಕಾರ ಆಗುತ್ತಿತ್ತೇ? ಅವನನ್ನು ಹಿಡಿದ ಕಲಮಿನಲ್ಲಿ ಟೆನಿಸ್ಸಿನ ಸುದ್ದಿಯೇ ಇರಲಿಲ್ಲ.

ಆ ಕಲಮು ಯಾವುದು? ಜರ್ಮನಿಯ ದಂಡಸಂಹಿತೆಯ 175ನೆಯ ಕಲಮು. ಗಂಡಸು ಗಂಡಸಿನ ನಡುವಿನ ಸಂಬಂಧ ಅಪರಾಧ ಎಂದು ಅದು ಹೇಳುತ್ತಿತ್ತು. 1935ರಲ್ಲಿ ನಾಜಿಗಳು ಅದನ್ನು ಇನ್ನೂ ಬಿಗಿ ಮಾಡಿದ್ದರು. ಹೊರದೇಶದ ಪ್ರವಾಸ ಮುಗಿಸಿ ಮನೆಗೆ ಬಂದ ಕ್ರಾಮನನ್ನು 1938ರ ಮಾರ್ಚ್ 5ರಂದು ಗೆಸ್ಟಾಪೊ ಪೊಲೀಸರು ಹಿಡಿದರು. ಮನಾಸ್ಸೆ ಹರ್ಬ್ಸ್ಟ್ ಎಂಬ ಯೆಹೂದಿ ನಟನೊಡನೆ ಸಂಬಂಧ ಇತ್ತು ಎಂಬುದು ಆರೋಪ. ದೇಶ ಬಿಟ್ಟುಹೋದ ಆ ಗೆಳೆಯನಿಗೆ ಹಣ ಕಳಿಸಿದ್ದೂ ಅವನ ಮೇಲೆ ಬಂತು. ಮೇ ತಿಂಗಳಲ್ಲಿ ಒಂದು ವರ್ಷದ ಸಜೆ ಆಯಿತು, ಅಕ್ಟೋಬರಿನಲ್ಲಿ ಬಿಟ್ಟರು.

ಈ ಭಾಗ ಬಂದಾಗ ನಮ್ಮಲ್ಲಿ ಸಾಮಾನ್ಯವಾಗಿ ಧ್ವನಿ ತಗ್ಗುತ್ತದೆ. ‘ಏನೋ ಸುಳ್ಳು ಕೇಸು ಹಾಕಿದರಂತೆ’ ಎಂದು ಮುಗಿಸಿದರೆ ಸುಲಭ. ಆದರೆ ಆರೋಪ ಸುಳ್ಳು ಎಂದು ಹೇಳಿ ಅವನನ್ನು ಕಾಪಾಡಬೇಕಾಗಿಲ್ಲ. ತಪ್ಪು ಇದ್ದದ್ದು ಆ ಕಲಮಿನಲ್ಲಿ, ಅವನಲ್ಲಿ ಅಲ್ಲ. ನಮ್ಮ ದೇಶದಲ್ಲೂ 377ನೆಯ ಕಲಮಿನ ಇಂಥ ಭಾಗವನ್ನು ಸುಪ್ರೀಂ ಕೋರ್ಟು ತೆಗೆದುಹಾಕಿದ್ದು 2018ರಲ್ಲಿ. ಹಾಗಾಗಿ ಜರ್ಮನಿಯವರ ಕಡೆ ಬೆರಳು ತೋರಿಸುವ ಮೊದಲು ನಮ್ಮ ಬೆರಳನ್ನೂ ಒಮ್ಮೆ ನೋಡಿಕೊಳ್ಳಬೇಕು.

ಈಗ ಸಂಭಾವಿತರ ಲೋಕ ಏನು ಮಾಡಿತು ನೋಡಿ. ಬಡ್ಜ್ ಮತ್ತು ಬೇರೆ ಕೆಲವು ಕ್ರೀಡಾಪಟುಗಳು ಹಿಟ್ಲರನಿಗೆ ಪ್ರತಿಭಟನೆಯ ಪತ್ರ ಬರೆದರು. ಎದುರಾಳಿಯೇ ಪರವಾಗಿ ನಿಂತದ್ದು, ಅದನ್ನು ಮರೆಯಬಾರದು. ಆದರೆ ಜೈಲಿನಿಂದ ಬಂದ ಮೇಲೆ? 1939ರ ಜೂನಿನಲ್ಲಿ ಲಂಡನ್ನಿನ ಕ್ವೀನ್ಸ್ ಕ್ಲಬ್ಬಿನ ಪಂದ್ಯಾವಳಿಯಲ್ಲಿ ಅವನು ಆಡಿದ. ಸೆಮಿಫೈನಲ್ಲಿನಲ್ಲಿ ಅಮೆರಿಕದ ಬಾಬಿ ರಿಗ್ಸ್‌ನನ್ನು 6–0, 6–1ರಲ್ಲಿ ಉಡಾಯಿಸಿಬಿಟ್ಟ. ಫೈನಲ್ಲಿನಲ್ಲಿ ಸಿಕ್ಕಿದವರು ನಮ್ಮ ಭಾರತದ ಗೌಸ್ ಮೊಹಮ್ಮದ್. ಅವರನ್ನೂ ಸೋಲಿಸಿ ಕಪ್ಪು ಗೆದ್ದ. ಕೆಲವೇ ದಿನಗಳಲ್ಲಿ ವಿಂಬಲ್ಡನ್ ಬಂತು. ಗೌಸ್ ಮೊಹಮ್ಮದ್ ಅಲ್ಲಿ ಕ್ವಾರ್ಟರ್ ಫೈನಲ್ ತಲುಪಿದ ಮೊದಲ ಭಾರತೀಯರಾದರು. ಅಲ್ಲಿ ರಿಗ್ಸ್‌ಗೆ ಸೋತರು. ಆ ರಿಗ್ಸ್ ಚಾಂಪಿಯನ್ ಆದ. ಇಬ್ಬರನ್ನೂ ಸೋಲಿಸಿದ್ದ ಕ್ರಾಮನ ಹೆಸರು ಮಾತ್ರ ಪಟ್ಟಿಯಲ್ಲಿ ಇರಲಿಲ್ಲ. ಸಜೆಯಾದವನು ಎಂಬುದು ಅಡ್ಡಿಯಾಯಿತೆಂದು ಒಂದು ಮಾತು, ಅವನು ಅರ್ಜಿಯನ್ನೇ ಹಾಕಲಿಲ್ಲವೆಂದು ಇನ್ನೊಂದು ಮಾತು. ಅಮೆರಿಕ ಅಂತೂ ಆ ಸಜೆಯ ಕಾರಣಕ್ಕೇ ವೀಸಾ ಕೊಡಲಿಲ್ಲ. ಮೂರು ವರ್ಷ ಚಪ್ಪಾಳೆ ತಟ್ಟಿದ ಅಂಗಳಕ್ಕೆ ಅವನು ಮತ್ತೆ ಬಂದದ್ದು 1951ರಲ್ಲಿ, ನಲವತ್ತೊಂದರ ಪ್ರಾಯದಲ್ಲಿ. ಮೊದಲ ಸುತ್ತಿನಲ್ಲೇ ಸೋತ.

ಇಷ್ಟು ಹೇಳಿದ ಮೇಲೆ ಅವನನ್ನು ಒಬ್ಬ ವೀರನನ್ನಾಗಿ ನಿಲ್ಲಿಸಿಬಿಡುವ ಆಸೆ ನನಗೂ ಆಗುತ್ತದೆ. ಅಲ್ಲಿಯೂ ಸ್ವಲ್ಪ ತಡೆಯಬೇಕು. ಡೇನಿಯಲ್ ಪ್ರೆನ್ ಎಂಬ ಆಟಗಾರ ಕ್ರಾಮನ ಜೊತೆಗೇ ಜರ್ಮನಿಗೆ ಡೇವಿಸ್ ಕಪ್ ಆಡುತ್ತಿದ್ದ. 1932ರಲ್ಲಿ ಪೆರ್ರಿಯನ್ನೇ ಸೋಲಿಸಿದ್ದ. 1933ರಲ್ಲಿ ನಾಜಿಗಳು ಬಂದರು. ಯೆಹೂದಿ ಎಂಬ ಒಂದೇ ಕಾರಣಕ್ಕೆ ಪ್ರೆನ್‌ನನ್ನು ತಂಡದಿಂದ ಹೊರಗಿಟ್ಟರು. ಅವನು ಇಂಗ್ಲೆಂಡಿಗೆ ಹೋಗಿ ನೆಲೆಸಿದ. ಇದನ್ನು ವಿರೋಧಿಸಿ ಲಂಡನ್ನಿನ ಟೈಮ್ಸ್ ಪತ್ರಿಕೆಗೆ ಪತ್ರ ಬರೆದವರು ಅವನ ಎದುರಾಳಿಗಳಾದ ಪೆರ್ರಿ ಮತ್ತು ಬನ್ನಿ ಆಸ್ಟಿನ್. ಕ್ರಾಮ್ ತಂಡದಲ್ಲಿ ಮುಂದುವರಿದ. ಸ್ವಸ್ತಿಕದ ಬಾವುಟ ಹಾರುತ್ತಿದ್ದ ಮೈದಾನಗಳಲ್ಲಿ ಆ ದೇಶದ ಪರವಾಗಿ ಇನ್ನೂ ನಾಲ್ಕು ವರ್ಷ ಆಡಿದ. ಇದೂ ಅವನ ಲೆಕ್ಕದಲ್ಲಿ ಬರೆಯಬೇಕಾದದ್ದೇ. ಅತ್ತ ಕಡೆಯ ಲೆಕ್ಕದಲ್ಲಿ ಇನ್ನೊಂದು ಉಂಟು: ನಾಜಿ ಪಕ್ಷಕ್ಕೆ ಸೇರಲಿಕ್ಕೆ ಅವನು ಕೊನೆಯವರೆಗೂ ಒಪ್ಪಲಿಲ್ಲ. ಅವರಿಗೆ ಬೇಕಾಗಿದ್ದದ್ದು ಇಂಥವನೇ: ಎತ್ತರದ ಆಳು, ಹೊಂಬಣ್ಣದ ಕೂದಲು, ದೊಡ್ಡ ಮನೆತನ, ಲೋಕಪ್ರಸಿದ್ಧಿ. ಒಂದು ‘ಹೂಂ’ ಅಂದಿದ್ದರೆ ಸಾಕಿತ್ತು, ಮಾಡಲಿಕ್ಕಿದ್ದದ್ದು ಅಷ್ಟೇ.

ಇಲ್ಲಿ ನನಗೆ 1935ರ ಆ ಚೆಂಡು ಮತ್ತೆ ನೆನಪಾಗುತ್ತದೆ. ಅಲ್ಲಿಯೂ ಅವನು ಮಾಡಿದ್ದು ಹೋರಾಟ ಅಲ್ಲ, ಭಾಷಣ ಅಲ್ಲ. ಸುಳ್ಳಿಗೆ ತನ್ನ ಹೆಸರು ಕೊಡಲಿಲ್ಲ, ಅಷ್ಟೇ. ಪಕ್ಷದ ವಿಷಯದಲ್ಲೂ ಅಷ್ಟೇ. ಇನ್ನೊಬ್ಬರಿಗಾಗಿ ಎದ್ದು ನಿಲ್ಲುವ ಧೈರ್ಯ ಒಂದು ಬಗೆ, ತನ್ನ ಕೈಯಿಂದ ಸುಳ್ಳಾಗದಂತೆ ನೋಡಿಕೊಳ್ಳುವ ಧೈರ್ಯ ಇನ್ನೊಂದು ಬಗೆ. ಕ್ರಾಮನದ್ದು ಎರಡನೆಯದು. ಮೊದಲನೆಯದು ದೊಡ್ಡದು, ಸಂಶಯವಿಲ್ಲ. ಆದರೆ ನಮ್ಮಲ್ಲಿ ಹೆಚ್ಚಿನವರಿಗೆ ದಿನಬೆಳಗಾದರೆ ಎದುರಾಗುವುದು ಈ ಎರಡನೆಯದೇ. ಅಳತೆ ಪುಸ್ತಕಕ್ಕೆ ಸಹಿ ಹಾಕುವಾಗ, ಹಾಜರಿ ಬರೆಯುವಾಗ, ಸೊಸೈಟಿಯ ತಕ್ಕಡಿ ಹಿಡಿಯುವಾಗ, ಯಾರೂ ನೋಡುವುದಿಲ್ಲ, ತಾಗಿದ್ದು ಕೈಗೆ ಮಾತ್ರ ಗೊತ್ತು.

ಯುದ್ಧದಲ್ಲಿ ಅವನನ್ನು ರಷ್ಯಾದ ರಣರಂಗಕ್ಕೆ ಕಳಿಸಿದರು; ಹಿಮದಲ್ಲಿ ಕಾಲು ಮರಗಟ್ಟಿ 1942ರಲ್ಲಿ ಸೈನ್ಯದಿಂದ ಹೊರಬಂದ. ಅವನ ಡಬಲ್ಸ್ ಜೊತೆಗಾರ ಹೆನ್ನರ್ ಹೆಂಕೆಲ್, 1937ರ ಫ್ರೆಂಚ್ ಚಾಂಪಿಯನ್, ಮರಳಿ ಬರಲೇ ಇಲ್ಲ. 1943ರಲ್ಲಿ ರಷ್ಯಾದಲ್ಲಿ ಸತ್ತ. ಯುದ್ಧ ಮುಗಿದ ಮೇಲೆ ಕ್ರಾಮ್ ಮತ್ತೆ ರ‍್ಯಾಕೆಟ್ ಹಿಡಿದು 1948, 1949ರಲ್ಲಿ ಜರ್ಮನಿಯ ಚಾಂಪಿಯನ್ ಆದ, 1953ರವರೆಗೆ ಡೇವಿಸ್ ಕಪ್ ಆಡಿದ. 1976ರಲ್ಲಿ ಈಜಿಪ್ಟಿನ ಕೈರೋ ಬಳಿ ಕಾರು ಅಪಘಾತದಲ್ಲಿ ತೀರಿಕೊಂಡ. ಟೆನಿಸ್ಸಿನ ಹಾಲ್ ಆಫ್ ಫೇಮ್ ಅವನ ಹೆಸರನ್ನು ಸೇರಿಸಿಕೊಂಡದ್ದು ಮರುವರ್ಷ, 1977ರಲ್ಲಿ. ನಾಜಿ ಕಾಲದಲ್ಲಿ ಆ 175ನೆಯ ಕಲಮಿನಡಿ ಕೊಟ್ಟ ಸಜೆಗಳನ್ನು ಜರ್ಮನಿಯ ಪಾರ್ಲಿಮೆಂಟ್ ರದ್ದು ಮಾಡಿದ್ದು 2002ರಲ್ಲಿ. ಕಪ್ಪಿನ ಲೆಕ್ಕ ಸರಿಮಾಡಲು ಒಂದು ವರ್ಷ ಸಾಕಾಯಿತು. ಮಾನದ ಲೆಕ್ಕಕ್ಕೆ ಇಪ್ಪತ್ತಾರು ವರ್ಷ ಬೇಕಾಯಿತು.

ಹಾಗಾಗಿ ಈ ಪುಸ್ತಕ ಓದುವ ಅಧ್ಯಾಪಕ ಮಿತ್ರರಲ್ಲಿ ಒಂದು ಮಾತು. ‘ಚೆಂಡು ತಾಗಿತ್ತು’ ಎಂಬ ಕಥೆಯನ್ನು ಮಕ್ಕಳಿಗೆ ಅಗತ್ಯವಾಗಿ ಹೇಳಿ. ಆದರೆ ಒಳ್ಳೆಯವನಾದರೆ ಒಳ್ಳೆಯದಾಗುತ್ತದೆ ಎಂಬ ನೀತಿ ಅದಕ್ಕೆ ಅಂಟಿಸಬೇಡಿ. ಅವನಿಗೆ ಹಾಗೇನೂ ಆಗಲಿಲ್ಲ. ಪ್ರಾಯಕ್ಕೆ ಬಂದ ಮಕ್ಕಳಾದರೆ ಜೈಲಿನ ಕಥೆಯನ್ನೂ ಹೇಳಿ, ಪ್ರೆನ್‌ನ ಕಥೆಯನ್ನೂ ಹೇಳಿ, ಒಂಬತ್ತು ಸೆಟ್ ಸೋತದ್ದನ್ನೂ ಹೇಳಿ. ಅಷ್ಟೆಲ್ಲ ಕೇಳಿದ ಮೇಲೂ ಅವರಿಗೆ ಅವನು ಹಿಡಿಸಿದರೆ, ಮುಂದಿನ ವಾಲಿಬಾಲ್ ಪಂದ್ಯದಲ್ಲಿ ಯಾರಾದರೂ ಒಬ್ಬ ಹುಡುಗ ಆಕಾಶ ನೋಡುವ ಬದಲು ರೆಫರಿಯನ್ನು ನೋಡಿಯಾನು.